ಅಂತರಾಳಕೋಶಗಳು: ಅವುಗಳ ರೂಪ ಮತ್ತು ಅವುಗಳನ್ನು ಕುರಿತ ತಿಳಿವಿನ ಚರಿತ್ರೆ

ದೇಹದ ಜೀವಕೋಶಗಳನ್ನು ಕುರಿತ ಲೇಖನವೊಂದನ್ನು ಇತಿಹಾಸದ ಅಧ್ಯಾಪಕರು ಬರೆಯುವುದು ಉಚಿತವೇ ಎಂಬ ಪ್ರಶ್ನೆ ವಾಚಕರಲ್ಲಿ ಕೆಲವರಿಗಾದರೂ ಏಳುವುದು ಸಹಜ. ರಾಜ್ಯಗಳಿಗೂ ರಾಜರಿಗೂ ಚರಿತ್ರೆಯಿರುವಂತೆ ಮನುಷ್ಯನ ತಿಳಿವಿಗೂ ಒಂದು ಚರಿತ್ರೆಯುಂಟು. ಒಂದು ವಸ್ತುವನ್ನು ಮೊದಲು ಯಾರು ಕಂಡರು, ಕಂಡವರು ಅದನ್ನು ಏನೆಂದು ತಿಳಿದರು, ಆ ತಿಳಿವು ಜನರ ಬಾಳಿನಲ್ಲಿ ಯಾವ ರೂಪ ತಾಳಿತು ಎಂಬುದನ್ನು ವಿಚಾರಿಸುವುದು ನಮ್ಮ ಶಾಸ್ತ್ರದ ಎಲ್ಲೆಯೊಳಗೇ ಇದೆ. ಪ್ರಕೃತ ವಿಷಯದ ಚರಿತ್ರೆಯಂತೂ ಪ್ರಯೋಗಶಾಲೆಯಲ್ಲಿ ತೊಡಗಿ, ಮನೆಮಾತಿಗೂ ಸರ್ಕಾರದ ಕಾರ್ಯನೀತಿಗೂ ಹಬ್ಬಿದುದಾಗಿದೆ. ಒಂದೇ ಶಸ್ತ್ರಕ್ರಿಯೆಯನ್ನು ಒಂದು ತಲೆಮಾರು ಪುರುಷತ್ವವನ್ನು ಹೆಚ್ಚಿಸುವುದೆಂದು ನಂಬಿತು, ಮತ್ತೊಂದು ತಲೆಮಾರು ಪುರುಷತ್ವವನ್ನು ಕಳೆಯುವುದೆಂದು ಹೆದರಿತು. ಈ ಎರಡು ನಂಬಿಕೆಗಳೂ ಒಂದೇ ಬಗೆಯ ಕೋಶವನ್ನು ಸುತ್ತಿಕೊಂಡಿವೆ. ಆ ಕೋಶ ಸೂಕ್ಷ್ಮದರ್ಶಕದಲ್ಲಿ ಹೇಗೆ ಕಾಣುವುದೆಂಬುದನ್ನು ಮೊದಲು ಹೇಳಿ, ಅನಂತರ ಅದರ ಚರಿತ್ರೆಗೆ ಹೋಗುವೆವು.

ಮೊದಲಿಗೆ ಹೆಸರಿನ ವಿಚಾರ. ಇಂಗ್ಲಿಷಿನಲ್ಲಿ ಇವಕ್ಕೆ ‘ಇಂಟರ್‌ಸ್ಟಿಷಿಯಲ್’ ಕೋಶಗಳೆಂದು ಹೆಸರು. ಲ್ಯಾಟಿನ್ನಿನಿಂದ ಬಂದ ಈ ಮಾತಿಗೆ ‘ನಡುವೆ ನಿಂತುದು’ ಎಂಬಷ್ಟೇ ಅರ್ಥ. ಅಂಗವೊಂದರ ಮುಖ್ಯ ಕೆಲಸವನ್ನು ಮಾಡುವವೆಂದು ಎಣಿಸಿದ ಭಾಗಗಳ ನಡುವಣ ಎಡೆಯಲ್ಲಿ, ಸಂದಿನಲ್ಲಿ, ರಕ್ತನಾಳ ನರತಂತುಗಳೊಡನೆ ಸೇರಿಕೊಂಡಿರುವ ಕೋಶಗಳಿವು. ಇವನ್ನು ನಾವು ‘ಅಂತರಾಳಕೋಶ’ಗಳೆಂದು ಕರೆದಿದ್ದೇವೆ. ಅಂತರಾಳವೆಂದರೆ ಮನಸ್ಸಿನ ಒಳಗು ಎಂಬ ಅರ್ಥವೇ ಇಂದು ಬಳಕೆಯಲ್ಲಿ ಹೆಚ್ಚಾದರೂ, ದೇವಾಲಯಗಳ ವಾಸ್ತುವನ್ನು ಓದಿದ ವಿದ್ಯಾರ್ಥಿಗಳಿಗೆ ಇನ್ನೊಂದು ಅರ್ಥ ಗೊತ್ತು: ಗರ್ಭಗೃಹಕ್ಕೂ ನವರಂಗಕ್ಕೂ ನಡುವಿನ ಕಿರುಕೋಣೆಯೇ ಅಂತರಾಳ, ಸುಕನಾಸಿಯೆಂದೂ ಅದಕ್ಕೆ ಹೆಸರುಂಟು. ಅಲ್ಲಿ ಮೂರ್ತಿಯೂ ಇಲ್ಲ, ನೃತ್ಯವೂ ಇಲ್ಲ. ಆದರೂ ಅದನ್ನು ದಾಟದೆ ದೇವರ ದರ್ಶನವಿಲ್ಲ. ಈ ಹೆಸರು ಕೋಶದ ಸ್ಥಳವನ್ನು ಹೇಳುತ್ತದೆಯೇ ಹೊರತು ಕೆಲಸವನ್ನು ಹೇಳುವುದಿಲ್ಲ ಎಂಬುದನ್ನು ವಾಚಕರು ಲಕ್ಷ್ಯದಲ್ಲಿಡಬೇಕು. ಕೆಲಸ ತಿಳಿಯದಿದ್ದಾಗ ಇಟ್ಟ ಹೆಸರು ಅದು.

ಇಂಥ ಕೋಶಗಳನ್ನು ನೋಡಬೇಕೆಂಬ ವಿದ್ಯಾರ್ಥಿಗೆ ಬೆಂಗಳೂರಿನಲ್ಲಿ ಶಿವಾಜಿನಗರಕ್ಕಿಂತ ಅನುಕೂಲವಾದ ಸ್ಥಳ ಇನ್ನೊಂದಿರಲಾರದು. ಹಿಂದೆ ಬ್ಲ್ಯಾಕ್‌ಪಲ್ಲಿ ಎನಿಸಿಕೊಂಡಿದ್ದ ಈ ಪ್ರದೇಶ 1809ರಲ್ಲಿ ಸ್ಥಾಪಿತವಾದ ದಂಡಿನ ವಸತಿಗೆ ಸೇರಿದ್ದು, 1881ರಿಂದ 1947ರವರೆಗೆ ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್ ಎಂಬ ಹೆಸರಿನಲ್ಲಿ ಬ್ರಿಟಿಷ್ ರೆಸಿಡೆಂಟರ ಆಡಳಿತದಲ್ಲಿತ್ತು. ಇಲ್ಲಿ ಒಂದು ಕಡೆ ರಸೆಲ್ ಮಾರುಕಟ್ಟೆ; ಅದರ ಆಸುಪಾಸಿನಲ್ಲಿ ಮಾಂಸದ ಅಂಗಡಿಗಳ ಸಾಲು. ಇನ್ನೊಂದು ಕಡೆ, ಕೂಗಳತೆಯ ದೂರದಲ್ಲೆನ್ನಬಹುದು, ಬೌರಿಂಗ್ ಆಸ್ಪತ್ರೆ. 1862ರಿಂದ 1870ರವರೆಗೆ ಮೈಸೂರಿನ ಕಮಿಷನರಾಗಿದ್ದ ಲ್ಯೂಯಿನ್ ಬೌರಿಂಗರ ಹೆಸರು ಹೊತ್ತ ಈ ಆಸ್ಪತ್ರೆ 1860ರ ದಶಕದಲ್ಲಿ ಹುಟ್ಟಿದುದು. ಈಗ ಅದಕ್ಕೆ ವೈದ್ಯಕೀಯ ಕಾಲೇಜೊಂದು ಸೇರಿದೆ. ಕುರಿಯ ಮೂತ್ರಪಿಂಡ, ಕರುಳು, ವೃಷಣ ಇವುಗಳನ್ನು ಅಂಗಡಿಯವರು ಗುರ್ದಾ, ಬೋಟಿ, ಕಪೂರೆ ಎಂದು ಕರೆದು ತೂಗಿ ಕೊಡುತ್ತಾರೆ. ಈ ಮೂರರಲ್ಲಿಯೂ ಅಂತರಾಳಕೋಶಗಳುಂಟು. ಗುರ್ದೆಯೊಳಗಿನವು ಕೆಂಪು ರಕ್ತಕಣಗಳ ಉತ್ಪತ್ತಿಯನ್ನು ಪ್ರೇರಿಸುವ ಎರಿಥ್ರೊಪೊಯೆಟಿನ್ ಎಂಬ ಹಾರ್ಮೋನನ್ನು ತಯಾರಿಸುತ್ತವೆ ಎಂಬಷ್ಟನ್ನು ಹೇಳಿ ಅದನ್ನು ಬದಿಗಿಡೋಣ. ಉಳಿದೆರಡನ್ನು ಇಲ್ಲಿ ವಿಸ್ತರಿಸುವುದು ಅವಶ್ಯ.

ವೃಷಣದ ತುಂಡನ್ನು ಹಾಗೆಯೇ ಸೂಕ್ಷ್ಮದರ್ಶಕದ ಕೆಳಗಿಟ್ಟರೆ ಏನೂ ಕಾಣದು. ಪ್ರಾಣಿ ಸತ್ತೊಡನೆಯೇ ಕೊಳೆಯತೊಡಗುವ ಅಂಗಾಂಶವನ್ನು ಮೊದಲು ದ್ರಾವಣವೊಂದರಲ್ಲಿ ಸ್ಥಿರಗೊಳಿಸಬೇಕು. ಆಲ್ಕೊಹಾಲಿನಲ್ಲಿ ಅದರ ನೀರನ್ನು ತೆಗೆಯಬೇಕು. ಕರಗಿಸಿದ ಮೇಣದಲ್ಲಿ ಹೂಳಿ ಗಟ್ಟಿ ಮಾಡಿ, ಒಂದು ಮಿಲಿಮೀಟರಿನ ಇನ್ನೂರನೆಯ ಒಂದು ಭಾಗದಷ್ಟು ತೆಳುವಾದ ಬಿಲ್ಲೆಗಳಾಗಿ ಕೊಯ್ಯಬೇಕು. ಆಮೇಲೆ ಬಣ್ಣ ಹಾಕುವುದು. ಮಧ್ಯ ಅಮೆರಿಕದ ಮರವೊಂದರ ಚೇಗಿನಿಂದ ಬರುವ ಹಿಮಟಾಕ್ಸಿಲಿನ್ ಎಂಬ ಬಣ್ಣ ಕೋಶಕೇಂದ್ರಗಳನ್ನು ನೀಲಿಯಾಗಿಸುತ್ತದೆ; ಇಯೊಸಿನ್ ಎಂಬುದು ಸುತ್ತಲಿನ ಕೋಶರಸವನ್ನು ನಸುಗೆಂಪಾಗಿಸುತ್ತದೆ. ವೃಷಣವನ್ನು ಸ್ಥಿರಗೊಳಿಸಲು ಕಾಲೇಜುಗಳ ಪ್ರಯೋಗಶಾಲೆಯಲ್ಲಿ ಬಳಸುವ ಹಳದಿಯ ದ್ರಾವಣಕ್ಕೆ ‘ಬುವಾಂ ದ್ರಾವಣ’ವೆಂದು ಹೆಸರು. ಪಿಕ್ರಿಕ್ ಆಮ್ಲ, ಫಾರ್ಮಲಿನ್, ಅಸೆಟಿಕ್ ಆಮ್ಲ ಇವುಗಳ ಮಿಶ್ರಣವದು. ಬೆರಳಿಗೆ ತಗುಲಿದರೆ ವಾರಗಟ್ಟಲೆ ಹೋಗದ ಆ ಹಳದಿಯ ಕಲೆಯನ್ನು ಪ್ರಾಣಿಶಾಸ್ತ್ರದ ವಿದ್ಯಾರ್ಥಿಗಳು ಬಲ್ಲರು. ಆ ಹೆಸರಿನ ಮನುಷ್ಯ ಮುಂದೆ ನಮ್ಮ ಕಥೆಯಲ್ಲಿ ಬರುವನು.

ಹೀಗೆ ಸಿದ್ಧವಾದ ಬಿಲ್ಲೆಯನ್ನು ಕಡಮೆ ವರ್ಧನದಲ್ಲಿ ನೋಡಿದಾಗ ಮೊದಲು ಕಣ್ಣಿಗೆ ಬೀಳುವುವು ಶುಕ್ರನಾಳಿಕೆಗಳು. ಬಳೆಯಂಗಡಿಯಲ್ಲಿ ಒತ್ತಾಗಿ ಜೋಡಿಸಿದ ಬಳೆಗಳಂತೆ ಗುಂಡಾಗಿ, ಕೆಲವು ನೀಳವಾಗಿ, ಇವು ದೃಷ್ಟಿಯ ಬಯಲನ್ನೆಲ್ಲ ತುಂಬಿಕೊಂಡಿರುತ್ತವೆ. ಪ್ರತಿಯೊಂದು ನಾಳಿಕೆಯ ಒಳಗೋಡೆಯಲ್ಲೂ ಕೋಶಗಳು ಪದರ ಪದರವಾಗಿ ನಿಂತು, ನಡುವಿನ ಬಯಲಿನ ಕಡೆಗೆ ಬಂದಂತೆಲ್ಲ ವೀರ್ಯಾಣುಗಳಾಗಿ ಮಾರ್ಪಡುತ್ತಿರುತ್ತವೆ. ಹೊಸಬನ ಕಣ್ಣು ಇಲ್ಲಿಯೇ ನಿಂತುಬಿಡುತ್ತದೆ. ಆದರೆ ಮೂರು ನಾಳಿಕೆಗಳು ಸೇರುವ ಕಡೆ ಉಳಿಯುವ ಮುಮ್ಮೂಲೆಯ ಎಡೆಯನ್ನು ಹೆಚ್ಚಿನ ವರ್ಧನದಲ್ಲಿ ನೋಡಬೇಕು. ಅಲ್ಲಿ ಸಡಿಲವಾದ ಸಂಯೋಜಕ ಅಂಗಾಂಶ, ಒಂದೆರಡು ಕಿರು ರಕ್ತನಾಳ, ಅವುಗಳ ಮಗ್ಗುಲಲ್ಲಿ ಎರಡೋ ನಾಲ್ಕೋ ಹತ್ತೋ ಕೋಶಗಳ ಗುಂಪು. ಈ ಕೋಶಗಳು ದೊಡ್ಡವು. ಸುಮಾರು 15ರಿಂದ 20 ಮೈಕ್ರೊಮೀಟರು ಅಡ್ಡಳತೆಯವು. ಒಂದನ್ನೊಂದು ಒತ್ತಿಕೊಂಡು ಹಲವು ಮೂಲೆಗಳಾದ ಆಕಾರ. ಉರುಟಾದ ಕೋಶಕೇಂದ್ರ, ಅದರೊಳಗೆ ಎದ್ದು ಕಾಣುವ ಕಿರುಕೇಂದ್ರ. ತುಂಬು ನಸುಗೆಂಪಿನ ಕೋಶರಸ. ಕೋಶರಸದಲ್ಲಿ ಅಲ್ಲಲ್ಲಿ ನೊರೆಯಂತೆ ಬರಿದಾದ ಕಿರುಗುಳಿಗಳು ಕಂಡರೆ ಅವು ನಿಜವಾಗಿ ಬರಿದಾದುವಲ್ಲ. ಅಲ್ಲಿದ್ದ ಕೊಬ್ಬಿನ ಹನಿಗಳು ಆಲ್ಕೊಹಾಲಿನಲ್ಲಿ ಕರಗಿಹೋದ ಗುರುತುಗಳು. ಇಲ್ಲದುದು ಇದ್ದುದಕ್ಕೆ ಸಾಕ್ಷಿಯಾಗುವ ಈ ಬಗೆಯ ಪ್ರಮಾಣ ಇತಿಹಾಸಕಾರರಾದ ನಮಗೆ ಹೊಸದೇನಲ್ಲ. ಶಾಸನದಲ್ಲಿ ಕೆತ್ತಿ ಅಳಿಸಿದ ಜಾಗವನ್ನೂ ನಾವು ಓದಬೇಕಾಗುತ್ತದಷ್ಟೆ.

ಎಲ್ಲ ಪ್ರಾಣಿಗಳಲ್ಲೂ ಇವು ಸಮನಾಗಿಲ್ಲ. ಹಂದಿ, ಕುದುರೆಗಳಲ್ಲಿ ನಾಳಿಕೆಗಳ ನಡುವಣ ಎಡೆಯೆಲ್ಲ ಈ ಕೋಶಗಳಿಂದಲೇ ಕಿಕ್ಕಿರಿದಿರುತ್ತದೆ, ಟಗರಿನಲ್ಲಿ ವಿರಳ. ಶಿವಾಜಿನಗರದ ಕುರಿಮಾಂಸದ ಅಂಗಡಿಯಿಂದ ತಂದ ಮಾದರಿಯಲ್ಲಿ ವಿದ್ಯಾರ್ಥಿ ತಾಳ್ಮೆಯಿಂದ ಹುಡುಕಬೇಕಾದುದು ಇದರಿಂದಲೇ. ಮನುಷ್ಯನ ಕೋಶಗಳಲ್ಲಿ ಇನ್ನೊಂದು ವಿಶೇಷವುಂಟು: ಕೆಲವದರ ಕೋಶರಸದಲ್ಲಿ ಸಣ್ಣ ಕಡ್ಡಿಯಂಥ ಹರಳುಗಳು ಕಾಣುತ್ತವೆ. 1896ರಲ್ಲಿ ರೈಂಕೆ ಎಂಬ ಜರ್ಮನ್ ವಿದ್ವಾಂಸ ಇವನ್ನು ವರ್ಣಿಸಿದುದರಿಂದ ರೈಂಕೆಯ ಹರಳುಗಳೆಂದು ಇವಕ್ಕೆ ಹೆಸರು.

ಮೇಲೆ ಹೇಳಿದ ಕೋಶ ಸಾಮಾನ್ಯವಾದ ಬಣ್ಣಕ್ಕೆ ಒಲಿದು ಕಾಣಿಸಿಕೊಳ್ಳುವಂಥದು. ಅಂತರಾಳಕೋಶಗಳೆಲ್ಲ ಹೀಗೆ ಸುಲಭವಾಗಿ ಒಲಿಯುವುವಲ್ಲವೆಂಬುದಕ್ಕೆ ಬೋಟಿಯೇ ನಿದರ್ಶನ. ಆಗತಾನೆ ಕೊಯ್ದ ಕುರಿಯ ಹೊಟ್ಟೆಯಿಂದ ಹೊರತೆಗೆದ ಕರುಳು ಹಲಗೆಯ ಮೇಲೆ ಕೆಲವು ಹೊತ್ತು ಹುಳುವಿನಂತೆ ಅಲುಗುತ್ತಿರುವುದನ್ನು ಅಂಗಡಿಯವರು ದಿನವೂ ಕಾಣುತ್ತಾರೆ. ಮಿದುಳಿನ ಸಂಪರ್ಕವೂ ಇಲ್ಲ, ಪ್ರಾಣವೂ ಇಲ್ಲ; ಹಾಗಿದ್ದೂ ಈ ಅಲುಗಾಟಕ್ಕೆ ತಾಳ ಹಾಕುವವರಾರು? ಸ್ಪೇನಿನ ರಮೋನ್ ಈ ಕಹಾಲ್ ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಬೆಳ್ಳಿಯ ಲವಣದಿಂದಲೂ ಮೆಥಿಲೀನ್ ನೀಲಿಯಿಂದಲೂ ಬಣ್ಣ ಹಾಕಿ, ಕರುಳಿನ ಸ್ನಾಯುಪದರಗಳ ನಡುವೆ ಕವಲು ಕವಲಾಗಿ ಚಾಚಿದ ಕೋಶಗಳನ್ನು ಕಂಡರು. ಅವು ಒಂದು ಬಗೆಯ ನರಕೋಶಗಳೆಂದು ಅವರ ಎಣಿಕೆ. ಅಲ್ಲ, ಬರಿಯ ಸಂಯೋಜಕ ಅಂಗಾಂಶದ ಕೋಶಗಳೆಂದು ಇತರರ ವಾದ. ಕಹಾಲರಿಗೆ 1906ರಲ್ಲಿ ನೊಬೆಲ್ ಬಹುಮಾನ ಬಂದಿತು. ಆದರೂ ಈ ವಿವಾದ ಮುಗಿಯಲಿಲ್ಲ. ಸಾಮಾನ್ಯ ಬಣ್ಣದಲ್ಲಿ ಅವನ್ನು ಪಕ್ಕದ ಕೋಶಗಳಿಂದ ಬೇರ್ಪಡಿಸುವುದು ಅಸಾಧ್ಯವಾದುದರಿಂದ ಅದು ಮುಗಿಯುವಂತೆಯೂ ಇರಲಿಲ್ಲ. ಎಲೆಕ್ಟ್ರಾನ್ ಸೂಕ್ಷ್ಮದರ್ಶಕ ಬಂದ ಮೇಲೆ, 1982ರಲ್ಲಿ, ಡೆನ್ಮಾರ್ಕಿನ ಥೂನೆಬರ್ಗ್ ಇವೇ ಕರುಳಿನ ಚಲನೆಗೆ ಗತಿಯನ್ನು ಕಟ್ಟುವ ಕೋಶಗಳೆಂದು ಸೂಚಿಸಿದರು. 1990ರ ದಶಕದಲ್ಲಿ, ಇವುಗಳ ಮೈಮೇಲೆ ‘ಕಿಟ್’ ಎಂಬ ಪ್ರೋಟೀನು ಇರುವುದು ಗೊತ್ತಾಯಿತು. ಅದನ್ನು ಹಿಡಿಯುವ ಪ್ರತಿಕಾಯದಿಂದ ಬಣ್ಣ ಹಾಕಿದಾಗ ಕೋಶಗಳು ಕಂದುಬಣ್ಣದಲ್ಲಿ ನಿಚ್ಚಳವಾಗಿ ಎದ್ದು ಬಂದುವು. ಜಠರದಲ್ಲಿ ನಿಮಿಷಕ್ಕೆ ಸುಮಾರು ಮೂರು ಬಾರಿ ಏಳುವ ಅಲೆ ಇವುಗಳಿಂದಲೇ ಹುಟ್ಟುವುದು. 1998ರಲ್ಲಿ ಜಪಾನಿನ ವಿದ್ವಾಂಸರು ಜೀರ್ಣಾಂಗದ ಒಂದು ಬಗೆಯ ಗಡ್ಡೆಯಲ್ಲಿ ಇದೇ ಕಿಟ್ ಪ್ರೋಟೀನಿನ ವಿಕಾರವನ್ನು ಕಂಡುಹಿಡಿದ ಮೇಲೆ, ಆ ಬಣ್ಣ ಹತ್ತುವುದೋ ಇಲ್ಲವೋ ಎಂಬುದು ರೋಗಿಗೆ ಯಾವ ಔಷಧ ಕೊಡಬೇಕೆಂಬುದನ್ನೇ ನಿರ್ಧರಿಸುವಂತಾಯಿತು.

ಕಾಣುವುದೆಂದರೆ ಗುರುತು ಸಿಕ್ಕುವುದು. ಈ ಮಾತಿಗೆ ದಂಡಿನ ಪ್ರದೇಶದ ಚರಿತ್ರೆಯಲ್ಲಿಯೇ ಪ್ರಸಿದ್ಧವಾದ ಉದಾಹರಣೆಯಿದೆ. 1883ರಲ್ಲಿ ಬೆಂಗಳೂರಿನ ದಂಡಿಗೆ ವೈದ್ಯರಾಗಿ ಬಂದ ರೊನಾಲ್ಡ್ ರಾಸ್, ತಮ್ಮ ಬಂಗಲೆಯ ಬಳಿಯ ನೀರಿನ ತೊಟ್ಟಿಯಲ್ಲಿ ಸೊಳ್ಳೆಗಳು ಬೆಳೆಯುವುದನ್ನು ಗಮನಿಸಿದರು. 1895ರಲ್ಲಿ ಕಾಲರಾ ಹಬ್ಬಿದಾಗ ಮತ್ತೆ ಇಲ್ಲಿಗೆ ಬಂದು ನೈರ್ಮಲ್ಯದ ಕೆಲಸ ನೋಡಿಕೊಂಡರು. 1897ರ ಆಗಸ್ಟ್ 20ರಂದು ಸಿಕಂದರಾಬಾದಿನಲ್ಲಿ ಸೊಳ್ಳೆಯೊಂದರ ಜಠರದ ಗೋಡೆಯ ಕೋಶಗಳ ನಡುವೆ ಅವರು ಕಂಡ ಉರುಟು ಕೋಶ ಮಲೇರಿಯದ್ದೆಂದು ಗೊತ್ತಾದುದು ಹೇಗೆ? ಅದರೊಳಗಿದ್ದ ಕಪ್ಪು ಕಣಗಳಿಂದ. ಮಲೇರಿಯ ರೋಗಿಯ ರಕ್ತದಲ್ಲಿ ಅದೇ ಕಪ್ಪನ್ನು ಅವರು ನೂರಾರು ಸಾರಿ ಕಂಡಿದ್ದರು.

ಮತ್ತೆ ವೃಷಣದ ಕೋಶಗಳಿಗೆ ಬರೋಣ. ಇವುಗಳ ಕೆಲಸದ ಫಲವನ್ನು ಮನುಷ್ಯ ಸೂಕ್ಷ್ಮದರ್ಶಕಕ್ಕಿಂತ ಸಾವಿರಾರು ವರ್ಷ ಮೊದಲೇ ಬಲ್ಲ. ಹೋರಿಗೆ ಬೀಜ ಒಡೆದರೆ ಅದು ಎತ್ತಾಗುತ್ತದೆ: ಸೊಕ್ಕು ಇಳಿಯುತ್ತದೆ, ನೊಗಕ್ಕೆ ಒಗ್ಗುತ್ತದೆ. ತೀರ ಎಳೆಯದರಲ್ಲಿ ಒಡೆದರೆ ಹಿಣಿಲೂ ಕತ್ತೂ ತುಂಬಿ ಬೆಳೆಯುವುದಿಲ್ಲವೆಂದು ನಮ್ಮ ರೈತರು ವಯಸ್ಸು ನೋಡಿ ಒಡೆಸುತ್ತಿದ್ದರು. ಬೀಜಕ್ಕೂ ಮೈಯ ಬೆಳವಣಿಗೆಗೂ ಸ್ವಭಾವಕ್ಕೂ ನಂಟುಂಟೆಂಬುದು ಇದರಿಂದ ಸಿದ್ಧವಾಗಿತ್ತು. ಆ ನಂಟಿನ ದಾರಿ ಯಾವುದೆಂದು ಪ್ರಯೋಗದಿಂದ ತೋರಿಸಿದವರು ಜರ್ಮನಿಯ ಗಟಿಂಗೆನ್ನಿನ ಬರ್ತೋಲ್ಡ್. 1849ರಲ್ಲಿ ಅವರು ಆರು ಎಳೆಯ ಹುಂಜಗಳ ವೃಷಣಗಳನ್ನು ತೆಗೆದು, ಕೆಲವದರ ಹೊಟ್ಟೆಯೊಳಗೆ ಬೇರೆ ಜಾಗದಲ್ಲಿ ವೃಷಣವನ್ನು ನೆಟ್ಟರು. ನೆಟ್ಟವು ಜುಟ್ಟು ಬೆಳೆಸಿ, ಕೂಗಿ, ಕಾದಾಡಿ ಹುಂಜಗಳಾಗಿಯೇ ಉಳಿದುವು, ಉಳಿದುವು ಸಪ್ಪಗಾದುವು. ನರಗಳ ಸಂಬಂಧ ಕಡಿದುಹೋಗಿದ್ದುದರಿಂದ ವೃಷಣದ ಪ್ರಭಾವ ರಕ್ತದ ಮೂಲಕವೇ ಹರಡಬೇಕೆಂದು ಬರ್ತೋಲ್ಡ್ ಬರೆದರು.

ಮರುವರ್ಷವೇ, ಎಂದರೆ 1850ರಲ್ಲಿ, ಅದೇ ದೇಶದ ವುರ್ತ್ಸ್‌ಬರ್ಗಿನಲ್ಲಿ ಫ್ರಾನ್ಸ್ ಲೈಡಿಗ್ ಹಲವು ಸ್ತನಿಗಳ ವೃಷಣಗಳನ್ನು ಹೋಲಿಸಿ ನೋಡಿ, ನಾಳಿಕೆಗಳ ನಡುವೆ ರಕ್ತನಾಳಗಳ ಬಳಿ ಕೊಬ್ಬಿನ ಹನಿಗಳಿಂದ ತುಂಬಿದ ಕೋಶಗಳಿವೆಯೆಂದು ವರ್ಣಿಸಿದರು. ಲೈಡಿಗ್ ಕೋಶಗಳೆಂಬ ಹೆಸರು ಇವಕ್ಕೆ ಇಂದಿಗೂ ಉಂಟು. ಫಲವನ್ನು ಕಂಡವರು ಒಬ್ಬರು, ಮರವನ್ನು ಕಂಡವರು ಇನ್ನೊಬ್ಬರು; ಇಬ್ಬರ ನಡುವೆ ಒಂದೇ ವರ್ಷದ ಅಂತರ. ಆದರೂ ಈ ಎರಡನ್ನು ಕೂಡಿಸಲು ಅರ್ಧ ಶತಮಾನ ಹಿಡಿಯಿತು. ಹೆಸರೂ ಇದಕ್ಕೆ ಕಾರಣವೆಂದು ನಮ್ಮ ಅಭಿಪ್ರಾಯ. ‘ನಡುವೆ ಇರುವುದು’ ಎಂದೊಡನೆ ಅದು ಮುಖ್ಯವಾದುದಕ್ಕೆ ಆಸರೆಯೋ ಆಹಾರವೋ ಆಗಿರಬೇಕೆಂದು ಮನಸ್ಸು ಒಪ್ಪಿಬಿಡುತ್ತದೆ. ಕೊಬ್ಬಿನ ಹನಿಗಳಿದ್ದುದು ಆ ಎಣಿಕೆಗೆ ಇಂಬು ಕೊಟ್ಟಿತು.

ಇವನ್ನು ಕೂಡಿಸಿದವರು ಫ್ರಾನ್ಸಿನ ನಾನ್ಸಿಯ ಪೋಲ್ ಬುವಾಂ (ಹಳದಿಯ ದ್ರಾವಣದ ಬುವಾಂ ಇವರೇ) ಮತ್ತು ಪೋಲ್ ಆನ್ಸೆಲ್. 1903ರ ತಮ್ಮ ಲೇಖನಗಳಲ್ಲಿ ಅವರು ಆರಿಸಿಕೊಂಡ ಸಾಕ್ಷ್ಯ ಬಹಳ ಜಾಣ್ಮೆಯದು. ಕೆಲವು ಹಂದಿಗಳಲ್ಲಿ ವೃಷಣ ಚೀಲಕ್ಕೆ ಇಳಿಯದೆ ಹೊಟ್ಟೆಯೊಳಗೇ ಉಳಿದುಬಿಡುತ್ತದೆ. ಮೈಯ ಬಿಸಿಗೆ ಶುಕ್ರನಾಳಿಕೆಗಳು ಕ್ಷೀಣಿಸಿ ವೀರ್ಯಾಣುವೇ ಹುಟ್ಟುವುದಿಲ್ಲ. ಅಂತರಾಳಕೋಶಗಳು ಮಾತ್ರ ಉಳಿದಿರುತ್ತವೆ. ಇಂಥ ಹಂದಿಗೆ ಮರಿಗಳಾಗುವುದಿಲ್ಲ. ಆದರೆ ಅದರ ಮೈಕಟ್ಟು, ಸೊಕ್ಕು, ಕಾಮಪ್ರವೃತ್ತಿ ಎಲ್ಲ ಗಂಡಿನವೇ. ಆದುದರಿಂದ ಗಂಡಿನ ಲಕ್ಷಣಗಳನ್ನು ಕಾಪಾಡುವುದು ನಾಳಿಕೆಗಳಲ್ಲ, ನಡುವಣ ಕೋಶಗಳು. ಒಂದೇ ಅಂಗದಲ್ಲಿ ಎರಡು ಕಾರ್ಖಾನೆಗಳು ಮಗ್ಗುಲು ಮಗ್ಗುಲಾಗಿವೆ. ನಾಳಿಕೆಯ ಸರಕು ಕೊಳವೆಯಲ್ಲಿ ಹೊರಕ್ಕೆ ಹೋಗುವುದು. ಅಂತರಾಳಕೋಶದ ಸರಕು ಪಕ್ಕದ ರಕ್ತನಾಳವನ್ನು ಸೇರಿ ಮೈಯೆಲ್ಲ ಹರಿಯುವುದು. ಒಂದು ನಿಂತರೆ ಇನ್ನೊಂದು ನಿಲ್ಲಬೇಕಾಗಿಲ್ಲ.

ಇಷ್ಟು ನಿಚ್ಚಳವಾದ ತಿಳಿವಿನಿಂದಲೇ ವಿಚಿತ್ರವಾದ ಭ್ರಮೆಯೊಂದು ಹುಟ್ಟಿತು. ಯೌವನವನ್ನು ಮರಳಿ ಪಡೆಯುವ ಆಸೆ ಯಯಾತಿಯ ಕಾಲದ್ದು. 1889ರಲ್ಲಿ ಪ್ಯಾರಿಸಿನ ಬ್ರೌನ್-ಸೆಕಾರ್ಡ್, ತಮ್ಮ 72ನೆಯ ವಯಸ್ಸಿನಲ್ಲಿ, ನಾಯಿ ಮತ್ತು ಗಿನಿಯಿಲಿಗಳ ವೃಷಣದ ರಸವನ್ನು ಚುಚ್ಚಿಕೊಂಡು ಮೈಗೆ ಹೊಸ ಕಸುವು ಬಂದಿತೆಂದು ಸಾರಿದ್ದರು. ವೃಷಣವು ಹಾರ್ಮೋನನ್ನು ಕೂಡಿಟ್ಟುಕೊಳ್ಳುವುದಿಲ್ಲ, ಅದು ನೀರಿನಲ್ಲಿ ಕರಗುವುದೂ ಇಲ್ಲ. ಆ ಕಸುವು ಮನಸ್ಸಿನದೇ ಇರಬೇಕು. ಬುವಾಂ ಮತ್ತು ಆನ್ಸೆಲರ ತರುವಾಯ ವಿಯೆನ್ನದ ಓಯ್ಗೆನ್ ಸ್ಟೈನಾಕ್ ಹೀಗೆ ವಾದಿಸಿದರು: ವೀರ್ಯನಾಳವನ್ನು ಕಟ್ಟಿಬಿಟ್ಟರೆ ಶುಕ್ರನಾಳಿಕೆಗಳು ಕುಗ್ಗುವುವು, ಅವು ಬಿಟ್ಟ ಎಡೆಯಲ್ಲಿ ಅಂತರಾಳಕೋಶಗಳು ವೃದ್ಧಿಸುವುವು, ಮುದುಕನು ಮತ್ತೆ ತರುಣನಾಗುವನು. 1918ರಿಂದ ಮನುಷ್ಯರಿಗೆ ಈ ಶಸ್ತ್ರಕ್ರಿಯೆ ನಡೆಯಿತು. ಸಿಗ್ಮಂಡ್ ಫ್ರಾಯ್ಡ್ 1923ರಲ್ಲಿಯೂ, ಕವಿ ಯೇಟ್ಸ್ 1934ರಲ್ಲಿಯೂ ಇದನ್ನು ಮಾಡಿಸಿಕೊಂಡರು. ನಾಳವನ್ನು ಕಟ್ಟುವುದು ಎಂದರೆ ಇಂದಿನ ವ್ಯಾಸೆಕ್ಟಮಿಯೇ ಅಥವಾ ಅದರ ಸಮೀಪದ್ದೇ ಎಂಬುದನ್ನು ವಾಚಕರು ಗಮನಿಸಬೇಕು.

1935ರಲ್ಲಿ ಆಮ್‌ಸ್ಟರ್‌ಡ್ಯಾಮಿನಲ್ಲಿ ಲಾಕ್ವಯರ್ ಮತ್ತು ಅವರ ಸಂಗಡಿಗರು ಸುಮಾರು 100 ಕಿಲೋಗ್ರಾಂ ಹೋರಿಯ ವೃಷಣಗಳಿಂದ 10 ಮಿಲಿಗ್ರಾಂನಷ್ಟು ಹಾರ್ಮೋನನ್ನು ಬೇರ್ಪಡಿಸಿ ಅದಕ್ಕೆ ಟೆಸ್ಟೊಸ್ಟೆರೋನ್ ಎಂದು ಹೆಸರಿಟ್ಟರು. ಅದೇ ವರ್ಷ ಬೂಟೆನಾಂಟ್ ಮತ್ತು ರುಜಿಚ್ಕಾ ಬೇರೆಬೇರೆಯಾಗಿ ಅದನ್ನು ಕೃತಕವಾಗಿ ತಯಾರಿಸಿದರು. ಹಾರ್ಮೋನೇ ಕೈಗೆ ಬಂದ ಮೇಲೆ ಸ್ಟೈನಾಕರ ಶಸ್ತ್ರಕ್ರಿಯೆ ಮೂಲೆಗೆ ಬಿದ್ದಿತು. ಅಂತರಾಳಕೋಶಗಳಿಗೆ ಅಪ್ಪಣೆ ಬರುವುದು ಮಿದುಳಿನ ಬುಡದ ಪಿಟ್ಯುಟರಿ ಗ್ರಂಥಿಯಿಂದ ಎಂಬುದೂ ಗೊತ್ತಾಯಿತು. ಇಂದು ಎಲ್.ಎಚ್. ಎಂದು ಕರೆಯುವ ಆ ಹಾರ್ಮೋನಿಗೆ ಗಂಡಿನ ಮಟ್ಟಿಗೆ ‘ಅಂತರಾಳಕೋಶ ಪ್ರೇರಕ ಹಾರ್ಮೋನು’ ಎಂದೇ ಮೊದಲು ಹೆಸರಿತ್ತು. ಅದರ ಜೊತೆಗಾರನಾದ ಎಫ್.ಎಸ್.ಎಚ್. ನಾಳಿಕೆಗಳ ಕಡೆಯದು. ಈ ಎರಡು ಅಪ್ಪಣೆಗಳನ್ನು ಬೇರೆ ಬೇರೆ ಮಾಡಿ ತೋರಿಸುವ ಕೆಲಸ ನಮ್ಮ ಊರಿನಲ್ಲಿಯೇ, ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ, ನಡೆಯಿತು. ಅಲ್ಲಿ ಎನ್. ಆರ್. ಮೌದ್ಗಲ್ ಮತ್ತು ಸಂಗಡಿಗರು ದಕ್ಷಿಣ ಭಾರತದ ಸಾಮಾನ್ಯ ಕೋತಿಗಳ ಮೈಯಲ್ಲಿ ಎಫ್.ಎಸ್.ಎಚ್.ಗೆ ವಿರುದ್ಧವಾದ ಪ್ರತಿಕಾಯಗಳನ್ನು ಹುಟ್ಟಿಸಿದಾಗ, ವೀರ್ಯಾಣುಗಳ ಸಂಖ್ಯೆ ಕುಸಿಯಿತು. ಟೆಸ್ಟೊಸ್ಟೆರೋನ್ ಮಾತ್ರ ಹಾಗೆಯೇ ಉಳಿಯಿತು. 1903ರ ಹಂದಿಗಳು ಹೇಳಿದ್ದನ್ನೇ ಬೆಂಗಳೂರಿನ ಕೋತಿಗಳು ಇನ್ನಷ್ಟು ಖಚಿತವಾಗಿ ಹೇಳಿದುವು.

ವಿದ್ವಾಂಸರ ನಡುವೆ ತೀರ್ಮಾನವಾದ ಈ ಸಂಗತಿ ಜನರ ನಡುವೆ ತೀರ್ಮಾನವಾಗಲಿಲ್ಲ. ನಮ್ಮ ಮಾತುಗಳೇ ಅದಕ್ಕೆ ಅಡ್ಡ ಬಂದುವು. ಕನ್ನಡದಲ್ಲಿ ‘ವೀರ್ಯ’ವೆಂದರೆ ಪರಾಕ್ರಮವೂ ಹೌದು, ರೇತಸ್ಸೂ ಹೌದು, ಒಂದು ಕೆಟ್ಟರೆ ಇನ್ನೊಂದೂ ಕೆಡಬೇಕೆಂದು ಆ ಪದವೇ ವಾದಿಸುತ್ತದೆ. ಮಕ್ಕಳಾಗದ ಹೆಂಗಸನ್ನು ಬಂಜೆಯೆಂದರು. ಅದಕ್ಕೆ ಸರಿಯಾದ ಪುಲ್ಲಿಂಗಪದ ಆಡುಮಾತಿನಲ್ಲಿಲ್ಲ. ‘ಷಂಡ’ ಎಂಬುದರ ಅರ್ಥವೇ ಬೇರೆ. ಗಡ್ಡ ಮೀಸೆ, ಗಡಸು ಕಂಠ, ದಾಂಪತ್ಯದ ಶಕ್ತಿ ಎಲ್ಲವೂ ಸರಿಯಾಗಿರುವ ಗಂಡಸಿನಲ್ಲಿ ದೋಷವಿರಲಾರದೆಂದು ಬಗೆದು, ಹೆಂಡತಿಯನ್ನು ಮಾತ್ರ ಪರೀಕ್ಷೆಗೂ ಹರಕೆಗೂ ಅಲೆದಾಡಿಸಿದ, ಅವಳ ಮೇಲೆ ಸವತಿಯನ್ನು ತಂದ ಮನೆಗಳೆಷ್ಟೋ! ಅಂಥವನ ವೃಷಣದ ಬಿಲ್ಲೆಯಲ್ಲಿ ಬರಿದಾದ ನಾಳಿಕೆಗಳೂ ಅವುಗಳ ನಡುವೆ ತುಂಬು ಆರೋಗ್ಯದ ಅಂತರಾಳಕೋಶಗಳೂ ಒಟ್ಟಿಗೇ ಕಾಣಬಹುದು. ಗಡ್ಡ ಮೀಸೆಗಳು ಅಂತರಾಳಕೋಶಗಳ ಸಾಕ್ಷಿಯೇ ಹೊರತು ನಾಳಿಕೆಗಳ ಸಾಕ್ಷಿಯಲ್ಲ.

ಮೈಸೂರು ಸರ್ಕಾರ 1930ರಲ್ಲಿಯೇ ಸಂತಾನನಿಯಂತ್ರಣದ ಚಿಕಿತ್ಸಾಲಯಗಳನ್ನು ತೆರೆಯಲು ಆಜ್ಞೆ ಮಾಡಿತು. ಸರ್ಕಾರವೊಂದು ಇಂಥ ಕ್ರಮ ಕೈಗೊಂಡುದು ಪ್ರಪಂಚದಲ್ಲಿಯೇ ಮೊದಲು ಎಂಬ ಹೆಗ್ಗಳಿಕೆ ಅದಕ್ಕುಂಟು. ಆಗ ರೆಸಿಡೆಂಟರ ಆಡಳಿತದಲ್ಲಿದ್ದ ಶಿವಾಜಿನಗರಕ್ಕೆ ಆ ಆಜ್ಞೆ ಅನ್ವಯಿಸುತ್ತಿರಲಿಲ್ಲ. ಊರು ಒಂದಾದರೂ ಆಡಳಿತ ಎರಡು. 1952ರಲ್ಲಿ ಭಾರತ ಸರ್ಕಾರದ ಕುಟುಂಬಯೋಜನೆ ಬಂದು, ಮುಂದಿನ ಎರಡು ದಶಕಗಳಲ್ಲಿ ಗಂಡಸರ ಶಸ್ತ್ರಕ್ರಿಯೆಗೇ ಪ್ರಾಧಾನ್ಯ ದೊರೆಯಿತು. ಕನ್ನಡದಲ್ಲಿ ಅದಕ್ಕೆ ಇಟ್ಟ ಹೆಸರೋ ‘ಸಂತಾನಶಕ್ತಿಹರಣ’! ಹರಣವೆಂದರೆ ಸೀತಾಪಹರಣವನ್ನು ನೆನೆಯುವ ಜನಕ್ಕೆ ಶಕ್ತಿಯ ಹರಣವೆಂದು ಸಾರಿದರೆ ಅವರು ಹೆದರದೆ ಇನ್ನೇನು ಮಾಡಿಯಾರು? 1976–77ರ ತುರ್ತುಪರಿಸ್ಥಿತಿಯ ಒಂದು ವರ್ಷದಲ್ಲಿ ದೇಶದಲ್ಲಿ 80 ಲಕ್ಷಕ್ಕೂ ಮೀರಿ ಶಸ್ತ್ರಕ್ರಿಯೆಗಳಾದುವು. ಅವುಗಳಲ್ಲಿ 60 ಲಕ್ಷಕ್ಕೂ ಹೆಚ್ಚು ಗಂಡಸರವು. ಬಲಾತ್ಕಾರದ ಕಹಿ ಭಯದೊಡನೆ ಬೆರೆಯಿತು.

ಆ ಭಯಕ್ಕೆ ಕಣ್ಣೆದುರಿನ ಆಧಾರವೂ ಇತ್ತು. ಪಶುವೈದ್ಯರು ಹೋರಿಗೆ ಬೀಜ ಒಡೆಯಲು ಬಳಸುವ ಬರ್ಡಿಜೊ ಇಕ್ಕಳವನ್ನು ರೈತರು ಕಂಡಿದ್ದಾರೆ. ಚರ್ಮ ಕೊಯ್ಯುವುದಿಲ್ಲ, ರಕ್ತ ಬರುವುದಿಲ್ಲ. ಮೇಲಿನಿಂದ ‘ನರ’ವನ್ನು ಅದುಮುತ್ತಾರೆ, ಹೋರಿ ಎತ್ತಾಗುತ್ತದೆ. ಗಂಡಸಿಗೂ ‘ನರ ಕತ್ತರಿಸುತ್ತಾರೆ’ ಎಂದು ಕೇಳಿದವನು ಎರಡನ್ನೂ ಒಂದೆಂದೇ ತಿಳಿದನು. ವ್ಯತ್ಯಾಸವಿರುವುದು ಹೀಗೆ: ಬರ್ಡಿಜೊ ಇಕ್ಕಳ ವೃಷಣಕ್ಕೆ ಹೋಗುವ ರಕ್ತನಾಳಗಳನ್ನೇ ಜಜ್ಜುತ್ತದೆ, ರಕ್ತವಿಲ್ಲದೆ ಶುಕ್ರನಾಳಿಕೆಗಳೂ ಅಂತರಾಳಕೋಶಗಳೂ ಕೂಡಿಯೇ ಸಾಯುತ್ತವೆ. ವ್ಯಾಸೆಕ್ಟಮಿಯಲ್ಲಿ ರಕ್ತನಾಳಗಳನ್ನು ಮುಟ್ಟುವುದಿಲ್ಲ. ವೀರ್ಯಾಣುಗಳನ್ನು ಒಯ್ಯುವ ಕೊಳವೆಯನ್ನಷ್ಟೇ ಕತ್ತರಿಸಿ ಕಟ್ಟುತ್ತಾರೆ. ಅಂತರಾಳಕೋಶದ ಸರಕಿಗೂ ಆ ಕೊಳವೆಗೂ ಸಂಬಂಧವೇ ಇಲ್ಲವಾದುದರಿಂದ ಟೆಸ್ಟೊಸ್ಟೆರೋನ್ ಎಂದಿನಂತೆ ರಕ್ತಕ್ಕೆ ಸೇರುತ್ತಿರುತ್ತದೆ. ಹುಟ್ಟಿದ ವೀರ್ಯಾಣುಗಳು ಒಳಗೇ ಕರಗಿ ಮೈಗೆ ಸೇರುತ್ತವೆ. ಸ್ಖಲನದ ದ್ರವದ ಬಹುಭಾಗ ಇತರ ಗ್ರಂಥಿಗಳಿಂದ ಬರುವುದರಿಂದ ಅದರ ಮೊತ್ತವೂ ಗಮನಕ್ಕೆ ಬರುವಷ್ಟು ಇಳಿಯುವುದಿಲ್ಲ. ಫ್ರಾಯ್ಡರು ಬಯಸಿದ ಯೌವನವೂ ಬಾರದು, ನಮ್ಮ ರೈತ ಹೆದರಿದ ಎತ್ತಿನ ಪಾಡೂ ಬಾರದು.

2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಲೆಕ್ಕದಂತೆ ದೇಶದ ವಿವಾಹಿತ ದಂಪತಿಗಳಲ್ಲಿ ಹೆಂಡತಿಗೆ ಶಸ್ತ್ರಕ್ರಿಯೆಯಾದವರು ನೂರಕ್ಕೆ 37.9, ಗಂಡನಿಗೆ ಆದವರು ನೂರಕ್ಕೆ 0.3. ಕರ್ನಾಟಕದಲ್ಲಿ ಹೆಂಗಸರ ಪಾಲು ಅರ್ಧಕ್ಕಿಂತಲೂ ಹೆಚ್ಚು. ಹೆಂಗಸಿನ ಶಸ್ತ್ರಕ್ರಿಯೆಗೆ ಹೊಟ್ಟೆಯನ್ನು ತೆರೆಯಬೇಕು. ಗಂಡಸಿನದು ಚರ್ಮದ ಕೆಳಗೇ ಇರುವ ಕೊಳವೆ, ಕೆಲವೇ ನಿಮಿಷಗಳ ಕೆಲಸ, ಚಾಕುವಿಲ್ಲದೆ ಮಾಡುವ ಕ್ರಮವೂ ಈಗ ಬಂದಿದೆ. ಪ್ರತಿವರ್ಷ ನವೆಂಬರ್ 21ರಿಂದ ಡಿಸೆಂಬರ್ 4ರವರೆಗೆ ಸರ್ಕಾರಿ ಆಸ್ಪತ್ರೆಗಳಲ್ಲಿ ವ್ಯಾಸೆಕ್ಟಮಿ ಪಾಕ್ಷಿಕವನ್ನು ಆಚರಿಸುತ್ತಾರೆ. ಆ ಹದಿನೈದು ದಿನಗಳ ಕರಪತ್ರಗಳನ್ನು, 1960 ಮತ್ತು 70ರ ದಶಕಗಳ ಕುಟುಂಬಯೋಜನೆಯ ಕರಪತ್ರಗಳೊಡನೆ ಇಟ್ಟು, ಅವು ಯಾವ ಪದಗಳಲ್ಲಿ ಮಾತಾಡುತ್ತವೆಂದು ಹೋಲಿಸಿ ನೋಡುವುದು ನಮ್ಮ ವಿಭಾಗದ ಸ್ನಾತಕೋತ್ತರ ವಿದ್ಯಾರ್ಥಿಗೆ ಒಂದು ವರ್ಷದ ಪ್ರಬಂಧಕ್ಕೆ ತಕ್ಕ ವಿಷಯ. ಕೈಹಾಕುವವರು ಮೊದಲು ಪ್ರಾಣಿಶಾಸ್ತ್ರ ವಿಭಾಗಕ್ಕೆ ಹೋಗಿ, ವೃಷಣದ ಬಿಲ್ಲೆಯೊಂದನ್ನು ಕೇಳಿ ಪಡೆದು, ಮೂರು ನಾಳಿಕೆಗಳು ಕೂಡುವ ಮೂಲೆಯನ್ನು ಒಮ್ಮೆ ಕಣ್ಣಾರೆ ನೋಡಿ ಬರಬೇಕು. ಸಾಧ್ಯವಾದರೆ ಟಗರಿನದಕ್ಕಿಂತ ಹಂದಿಯದನ್ನು ಕೇಳುವುದು ಲೇಸು.